ಅಮಾವಾಸ್ಯೆಯ ಶೂಟಿಂಗ್

ತಮಿಳ್‌ಸೆಲ್ವನ್‌ಗೆ ಪ್ರಶಸ್ತಿ ಬಂದ ಸುದ್ದಿಯನ್ನು ಸೇಲಂನ ಕನ್ನಡ ನೇಕಾರರ ಬೀದಿಯಲ್ಲಿ ಎಲ್ಲರಿಗಿಂತ ಮೊದಲು ಓದಿದವನು ಸೆಂದಿಲ್. ಎಲ್ಲರಿಗಿಂತ ಕೊನೆಗೆ ಫೋನ್ ಮಾಡಿ ಶುಭಾಶಯ ಹೇಳಿದವನೂ ಅವನೇ. ಚೆನ್ನೈಯಲ್ಲಿ ಇಬ್ಬರೂ ಒಟ್ಟಿಗೆ ಕ್ಯಾಮೆರಾ ಕಲಿತವರು. ಆಗ ಬೆಳಕಿನ ಅನುಮಾನ ಬಂದರೆ ಸೆಲ್ವನ್ ಇವನನ್ನೇ ಕೇಳುತ್ತಿದ್ದ. ಈಗ ಆ ಪಾಪಿರೆಡ್ಡಿಪಟ್ಟಿಯ ರೈತನ ಮಗ ಏರ್ಕಾಡಿನ ಎಸ್ಟೇಟ್ ಆಳುಗಳ ಮೇಲೆ ಸಾಕ್ಷ್ಯಚಿತ್ರ ಮಾಡಿ ದೇಶ ದೇಶ ಸುತ್ತುತ್ತಿದ್ದ, ಸೆಂದಿಲ್ ಮದುವೆ ಮಂಟಪಗಳಲ್ಲಿ ಉಣ್ಣುವವರ ಬಾಯಿಯನ್ನು ಕ್ಯಾಮೆರಾದಲ್ಲಿ ಹಿಡಿಯುತ್ತಿದ್ದ. ಹೊಟ್ಟೆ ಉರಿಯದೆ ಇರುತ್ತದೆಯೇ?

ಅಂಥ ಸೆಲ್ವನ್ನೇ ಒಂದು ದಿನ ಫೋನ್ ಮಾಡಿದ.

"ಲೇ ಸೆಂದಿಲು, ಮುಂದಿನ ಪಡಂ ನಮ್ಮ ಕನ್ನಡ ನೇಕಾರ್ರ ಮೇಲೆ. ನಿಮ್ಮಮ್ಮ ನೇಯೋದ್ನ ತೆಗೀಬೇಕು. ಒಂದೇ ದಿನ ಟೈಮ್ ಐತೆ. ಯಾವತ್ತು ಬರ್ಲಿ?"

ಹೆತ್ತ ತಾಯಿಯ ಮೇಲೆ ಚಿತ್ರ ಮಾಡಬಹುದೆಂದು ತನಗೆ ಹೊಳೆಯಲಿಲ್ಲವಲ್ಲ, ಇವನಿಗೆ ಹೊಳೆಯಿತಲ್ಲ! ಸೆಂದಿಲ್ ಕ್ಯಾಲೆಂಡರ್ ನೋಡಿದ. "ಬುಧವಾರ ಬಾ" ಎಂದ. ಬುಧವಾರ ಅಮಾವಾಸ್ಯೆ. ಅಂದು ಆ ಬೀದಿಯಲ್ಲಿ ಯಾರೂ ಮಗ್ಗಕ್ಕೆ ಕೂರುವುದಿಲ್ಲ. ಉಳುವವರ ಮನೆಯವನಿಗೆ ಅದು ಹೇಗೆ ಗೊತ್ತಿರಬೇಕು?

ಬುಧವಾರ ಸೆಲ್ವನ್ ಕ್ಯಾಮೆರಾ ಹೊತ್ತು ಬಂದರೆ ಬೀದಿಯಲ್ಲಿ ಒಂದು ಮಗ್ಗದ ಸದ್ದೂ ಇಲ್ಲ. ಸೆಂದಿಲ್‌ನ ತಾಯಿ ಮುನಿಶಾಮಮ್ಮ ಮಗ್ಗಕ್ಕೆ ಪೂಜೆ ಮಾಡಿ ಕೂತಿದ್ದಳು.

"ಇವತ್ತು ಅಮಾಸೆ ಅಲ್ವಾ ಕಣ್ಣು? ಮಗ್ಗ ಮುಟ್ಟಾಕಿಲ್ಲ."

"ಸೆಂದಿಲೇ ಬಾ ಅಂದಿದ್ದಮ್ಮಾ," ಎಂದ ಸೆಲ್ವನ್.

ಅವಳು ಮಗನ ಮುಖ ನೋಡಿದಳು. ಅವಳಿಗೆ ಎಲ್ಲ ತಿಳಿದುಹೋಯಿತೆಂದು ಸೆಂದಿಲ್‌ಗೆ ಗೊತ್ತಾಯಿತು.

"ಔದು, ಯೋಚ್ನೆ ಮಾಡೇ ಯೇಳವ್ನೆ," ಎಂದಳು. "ಮಗ್ಗ ಆಡ್ತಿದ್ರೆ ಮಾತಾಡಾಕೆ ಆಯ್ತದಾ? ಕೂತ್ಕೋ ಪಾ."

ಅವಳು ಮಾತಾಡಿದಳು. ಗಂಡ ಸತ್ತಾಗ ಮಗ್ಗದಲ್ಲಿ ಅರ್ಧ ನೇಯ್ದ ಸೀರೆ ಉಳಿದಿತ್ತಂತೆ. ಉಳಿದರ್ಧ ಇವಳೇ ನೇಯ್ದಳಂತೆ. "ಅವ್ರ ಕೈ ಬಿಗಿ, ನಂದು ಸಡ್ಲ. ಎಲ್ಲಿ ಅವ್ರ ಕೈ ನಿಂತೋಯ್ತು ಅಂತ ಸೀರೆನಾಗೇ ಕಾಣೋದು." ಮಗನಾಗಿ ಸೆಂದಿಲ್ ಇದನ್ನು ಒಮ್ಮೆಯೂ ಕೇಳಿರಲಿಲ್ಲ. ಕಣ್ಣು ತುಂಬಿತು. ಆಗಲೂ ಹೊಟ್ಟೆಕಿಚ್ಚು ಆರಲಿಲ್ಲ: ಕಿಟಕಿಯ ಬೆಳಕು ಅವಳ ಅರ್ಧ ಮುಖಕ್ಕೆ ಬೀಳುವಂತೆ, ತಾನಾಗಿದ್ದರೆ ಎಲ್ಲಿಡುತ್ತಿದ್ದನೋ ಸರಿಯಾಗಿ ಅಲ್ಲೇ ಸೆಲ್ವನ್ ಕ್ಯಾಮೆರಾ ಇಟ್ಟಿದ್ದ.

ಹೊರಡುವಾಗ ಸೆಲ್ವನ್ ಅವನನ್ನು ತಬ್ಬಿಕೊಂಡ. "ಎಂಥಾ ದಿನ ಆರಿಸ್ದೆ ಲೇ! ಬೇರೆ ದಿನ ಬಂದಿದ್ರೆ ಬರೀ ನೇಯ್ಗೆ ಸಿಕ್ತಿತ್ತು. ಪಡದಲ್ಲಿ ನಿನ್ನೆಸ್ರು ಆಕ್ತೀನಿ."

ನಿಜ ಹೇಳಲು ಅದೊಂದೇ ಗಳಿಗೆ. ಅಮ್ಮ ಕಾಯುತ್ತಿದ್ದಳು.

"ದೊಡ್ಡಕ್ಷರದಾಗೆ ಆಕು ಲೇ," ಎಂದ ಸೆಂದಿಲ್.

ಮುನಿಶಾಮಮ್ಮ ಎದ್ದು ಒಳಗೆ ಹೋದಳು.