ಐದು ಚೌಕ, ಅರ್ಧ ಚೌಕ

ಎಂಟನೇ ಕ್ಲಾಸಿಗೇ ಶಾಲೆಗೆ ಕೈ ಮುಗಿದ ಪಂಡಿತರು ಈಗ ನನಗೆ ಗ್ರಾಫು ಹೇಳಿಕೊಡ್ತಾರಂತೆ, ಕೇಳ್ರಪ್ಪ ಎಲ್ರೂ — ಸೂಪರ್‌ವೈಸರ್ ಹಾಗಂದದ್ದೇ ಪ್ಯಾಕಿಂಗ್ ಮೇಜಿನ ಸುತ್ತ ನಿಂತಿದ್ದವರೆಲ್ಲ ನಕ್ಕಿದ್ದರು, ಅಕ್ಕ ಒಬ್ಬಳೇ ನಗಲಿಲ್ಲ, ಅವಳ ಕೈಯಲ್ಲಿ ಬಿರುಕು ಬಿಟ್ಟ ಪಿಂಗಾಣಿ ಕಪ್ಪು, ಹಿಡಿಯ ಬುಡದಿಂದ ಹೊರಟ ಕೂದಲೆಳೆಯಂಥ ಗೆರೆ, ಹೆಬ್ಬೆರಳ ಉಗುರು ಅದರ ಮೇಲೆ ಮೇಲಿಂದ ಕೆಳಕ್ಕೆ, ಮೇಲಿಂದ ಕೆಳಕ್ಕೆ — ಆ ನಗು ಇನ್ನೂ ಕಿವಿ ಕೊರೆಯುತ್ತಿದೆ, ಕೊರೆಯಲಿ, ಸ್ಕೇಲು ಮಾತ್ರ ಅಲುಗಬಾರದು. ಊಟದ ಬಿಡುವು ಅರ್ಧ ಗಂಟೆ, ಡಬ್ಬಿ ಬಿಚ್ಚಿಲ್ಲ, ಮೀಟರ್ ಕೋಣೆಯ ಸ್ಟೂಲೇ ಅಕ್ಕನ ಈ ತಮ್ಮನಿಗೆ ಮೇಜು, ಪೆನ್ಸಿಲಿದೆ, ರಬ್ಬರ್ ಇಲ್ಲ, ಅಂದಮೇಲೆ ತಪ್ಪುವಂತಿಲ್ಲ. ಮೂರಕ್ಕೆ ಯಜಮಾನರು ಬರುತ್ತಾರೆ, ಬಂದರೆ ಅಕ್ಕನ ಕೆಲಸ ಹೋಯಿತೆಂದೇ ಲೆಕ್ಕ, ನಾಲ್ಕು ನೂರು ಕಪ್ಪು ಒಡೆದದ್ದು ಹಿಡಿ ಅಂಟಿಸಿದವಳ ತಪ್ಪಂತೆ, ಭಟ್ಟಿ ನಿಧಾನಕ್ಕೆ, ಸರಿಯಾಗಿಯೇ ಆರಿದೆಯಂತೆ, ಸಾಕ್ಷಿ ಬೇಕಾ, ತಗೊಳ್ಳಿ, ಗೋಡೆ ಮೇಲೆ ಸೂಪರ್‌ವೈಸರ್ ಬರೆದ ಗ್ರಾಫು, ದಾರ ಹಿಡಿದು ಎಳೆದಷ್ಟು ನೇರ. ನೇರ ಬರದೆ ಇನ್ನೇನು ಬಂದೀತು. ಭಟ್ಟಿ ಆರುವಾಗ ಮುಳ್ಳು ಐವತ್ತು ಡಿಗ್ರಿ ಇಳಿದಾಗಲೆಲ್ಲ ಗಡಿಯಾರ ನೋಡಿ ಪಟ್ಟಿಯಲ್ಲಿ ಒಂದು ಸಾಲು ಬರೆಯುವುದು ಇಲ್ಲಿಯ ಪದ್ಧತಿ, ನಿನ್ನೆ ಪಟ್ಟಿ ಬರೆದವನೂ ಇವನೇ, ಆ ಪುಣ್ಯಾತ್ಮ ಸೂಪರ್‌ವೈಸರ್ ಪಟ್ಟಿಯ ಗಂಟೆಗಳ ಕಡೆ ಕಣ್ಣು ಹಾಯಿಸದೆ ಗ್ರಾಫಿನಲ್ಲಿ ಸಾಲಿಗೊಂದು ಚೌಕ ಕೊಟ್ಟಿದ್ದಾನೆ, ಐವತ್ತು ಇಳಿ, ಒಂದು ಚೌಕ ನಡಿ, ಐವತ್ತು ಇಳಿ, ಒಂದು ಚೌಕ ನಡಿ — ಹಾಗೆ ಬರೆದರೆ ಬಾವಿಗೆ ಬಿದ್ದವನೂ ಮೆಟ್ಟಿಲಿಳಿದು ಹೋದ ಹಾಗೇ ಕಾಣುತ್ತಾನೆ. ಡಿಪ್ಲೊಮಾ ಮಾಡಿದ್ದಾರಂತೆ. ಇವನು ಕಲಿತದ್ದು ಅಪ್ಪನ ಆಸ್ಪತ್ರೆ ಮಂಚದ ಕಾಲಿಗೆ ಕಟ್ಟಿದ್ದ ಜ್ವರದ ಚಾರ್ಟಿನಿಂದ, ಎಂಟನೇ ಕ್ಲಾಸಿನ ಪರೀಕ್ಷೆ ಆ ಮಂಚದ ಪಕ್ಕದಲ್ಲೇ ಕಳೆದುಹೋಯಿತು, ನರ್ಸು ಒಂದು ಚೌಕ ಖಾಲಿ ಬಿಟ್ಟು ಮುಂದಿನದರಲ್ಲಿ ಚುಕ್ಕೆ ಇಡುತ್ತಿದ್ದಾರೆ, ಅದನ್ನ ಯಾಕೆ ಬಿಟ್ರಿ ಸಿಸ್ಟರ್, ಆಗ ನಾನು ನೋಡೋಕೆ ಬರಲಿಲ್ಲ ಮರಿ, ಹಾಗಂತ ಗಂಟೆ ನಿಂತಿತ್ತಾ, ನಾವು ಅಳೆದ್ರೂ ಬಿಟ್ರೂ ಅದಕ್ಕೆ ಜಾಗ ಕೊಡಬೇಕು. ಕೊಡೋಣ. ಹತ್ತು ನಿಮಿಷಕ್ಕೊಂದು ಚೌಕ. ಎಂಟು ಗಂಟೆಗೆ ಎಂಟುನೂರು, ಎಂಟು ಐವತ್ತಕ್ಕೆ ಏಳುನೂರೈವತ್ತು, ಐದು ಚೌಕ ಆಚೆ, ಒಂಬತ್ತು ನಲವತ್ತಕ್ಕೆ ಏಳುನೂರು, ಮತ್ತೆ ಐದು, ಹತ್ತೂವರೆಗೆ ಆರುನೂರೈವತ್ತು, ಐದು, ಹತ್ತು ಮೂವತ್ತೈದಕ್ಕೆ ಆರುನೂರು — ಅರ್ಧ ಚೌಕ. ಹತ್ತು ನಲವತ್ತಕ್ಕೆ ಐನೂರೈವತ್ತು, ಇನ್ನರ್ಧ. ತಾನೇ ಬರೆದ ಅಂಕಿ, ನಿನ್ನೆ ಮುಳ್ಳಿಗೆ ಏನೋ ಬಂದಿದೆ ಅಂದುಕೊಂಡು ಮೀಟರಿನ ತಲೆಗೆ ಎರಡು ಮೊಟಕಿದ್ದ, ಪಾಪ, ಅದು ನಿಜವನ್ನೇ ಹೇಳುತ್ತಿತ್ತು. ಆಮೇಲೆ ಹನ್ನೊಂದೂವರೆಗೆ ಐನೂರು, ಮತ್ತೆ ಐದು ಚೌಕ, ಸಾಧು ಪ್ರಾಣಿಯ ಹಾಗೆ. ಅಂದರೆ ಹತ್ತೂವರೆಗೆ ಯಾರೋ ಭಟ್ಟಿಯ ಬಾಗಿಲು ತೆರೆದಿದ್ದಾರೆ, ಕೆಂಪಗೆ ಕಾದ ಕಪ್ಪುಗಳ ಮೈಮೇಲೆ ತಣ್ಣನೆ ಗಾಳಿ, ಬೇಗ ಆರಲಿ ಅಂತ, ಕಪ್ಪು ಸೀಳಿ ಟಣ್ ಅಂದ ಸದ್ದಿಗೆ ಹೆದರಿ ಮತ್ತೆ ಮುಚ್ಚಿದ್ದಾರೆ, ಬಾಗಿಲು ಗೋಡೆಯ ಆ ಬದಿ, ಇಲ್ಲಿಂದ ಕಾಣದು, ಬೀಗದ ಕೈ ಮಾತ್ರ ಯಾವಾಗಲೂ ಒಂದೇ ಸೊಂಟದಲ್ಲಿ. ಚುಕ್ಕೆ ಸೇರಿಸಿದ, ಸ್ಕೇಲನ್ನು ಉಗುರಿನಿಂದ ಒತ್ತಿ ಹಿಡಿದು, ಗೆರೆ ಓರೆಯಾಗಿ ಬಂತು, ಬಂತು, ಕಡಿದುಕೊಂಡು ಬಿತ್ತು, ಹಿಡಿಯ ಬುಡದಿಂದ ಕೆಳಕ್ಕೆ, ಅದೇ ಬಿರುಕು.

ಮೂರಕ್ಕೆ ಎರಡೂ ಹಾಳೆ ಗೋಡೆಯ ಮೇಲೆ ಪಕ್ಕಪಕ್ಕ, ಯಜಮಾನರು ಕನ್ನಡಕ ಹಣೆಗೇರಿಸಿ ಮೂಗು ತಾಗುವಷ್ಟು ಹತ್ತಿರ ಬಗ್ಗಿದ್ದಾರೆ, ಎರಡೂ ಒಂದೇ ಪಟ್ಟಿಯದಾ, ಹೌದು ಸಾರ್, ಗಂಟೆ ನೋಡ್ಕೊಳ್ಳಿ, ಅವರ ಬೆರಳು ಪಟ್ಟಿಗೂ ಗೆರೆಗೂ ಓಡಾಡಿ ಆ ಅರ್ಧ ಚೌಕದಲ್ಲಿ ನಿಂತಿತು, ಹತ್ತೂವರೆಗೆ ಬಾಗಿಲ ಕೀ ಯಾರ ಹತ್ರ ಇತ್ತ್ರೀ, ಯಾರೂ ನಗುತ್ತಿಲ್ಲ ಈಗ, ಸೂಪರ್‌ವೈಸರ್ ಕೈ ತನಗೆ ತಾನೇ ಸೊಂಟಕ್ಕೆ ಹೋಯಿತು, ಹೋದದ್ದನ್ನು ಎಲ್ಲರೂ ನೋಡಿದರು, ತಡವರಿಸಿಕೊಂಡು ಇವನ ಮೇಲೆ ತಿರುಗಿದ, ಯಾರೋ ಬರೆದುಕೊಟ್ಟದ್ದು ನಿನಗೆ ಇದನ್ನ, ಎಂಟನೇ ಕ್ಲಾಸಿಗೆ ಇದೆಲ್ಲ ಎಲ್ಲಿ ಬರತ್ತೆ, ಬಾಯಿ ಬಿಡೋ — ಮಧ್ಯಾಹ್ನದಿಂದ ಮಸೆದಿಟ್ಟ ಹತ್ತು ಮಾತಿವೆ ಇವನ ನಾಲಗೆ ತುದಿಯಲ್ಲಿ, ಒಂದೊಂದೂ ಚರ್ಮ ಸುಲಿಯುವಂಥದ್ದು, ಪೆನ್ಸಿಲನ್ನು ಕಿವಿಯ ಮೇಲೆ ಸಿಕ್ಕಿಸಿದ, ತಿರುಗಿದ, ನಡೆದ, ಏಯ್ ನಿನ್ನನ್ನೇ ಕಣೋ, ನಡೆದ, ಪ್ಯಾಕಿಂಗ್ ಮೇಜಿನ ಹತ್ತಿರ ಅಕ್ಕ, ಅವಳ ಕೈಯಲ್ಲಿ ಅದೇ ಕಪ್ಪು, ಮೇಲಿಂದ ಕೆಳಕ್ಕೆ, ಮೇಲಿಂದ — ಬಿರುಕಿನ ಅರ್ಧದಲ್ಲಿ ನಿಂತ ಹೆಬ್ಬೆರಳ ಉಗುರು.