ತಲೆಯ ಮೇಲಿನ ನೂರಿಪ್ಪತ್ತು ಚದರಡಿ

ಆ ಆಸ್ಪತ್ರೆಯ ಎಕ್ಸ್‌ರೇ ಕೋಣೆಯ ನಾಲ್ಕು ಗೋಡೆಗೂ ಕಿರಣ ತಡೆಯಲು ಸೀಸದ ತಗಡು ಹೊಡೆಸಿದರು. ಮೇಲ್ಛಾವಣಿಗೆ ಹೊಡೆಸಲಿಲ್ಲ. ಮೇಲ್ಛಾವಣಿ ಎಂದರೆ ಬರೀ ಹಲಗೆ. ಹಲಗೆಯ ಮೇಲೆ ಇಸ್ತ್ರಿ ಕೋಣೆ. ಅಲ್ಲಿ ಅತ್ತೆ ಸೊಸೆ ಇಬ್ಬರು ಬೆಳಗಿನಿಂದ ಸಂಜೆಯವರೆಗೆ ನಿಂತು ರೋಗಿಗಳ ಹಾಸಿಗೆ ಬಟ್ಟೆಗೆ ಇಸ್ತ್ರಿ ಹಾಕುತ್ತಿದ್ದರು. ಸೊಸೆ ಬಸುರಿ.

ಕೆಳಗೆ ಯಂತ್ರದ ಗುಂಡಿ ಒತ್ತುವವಳನ್ನು ಎಲ್ಲರೂ ಫೋಟೋ ಅಕ್ಕ ಎನ್ನುತ್ತಿದ್ದರು. ಅವಳಿಗೆ ವಿಷಯ ಗೊತ್ತಾದದ್ದು ಕೆಟ್ಟುಹೋದ ಫಿಲ್ಮಿನಿಂದ. ಕೆಳಗೆ ಜಾಗ ಸಾಲದೆ ಹೊಸ ಫಿಲ್ಮಿನ ಪ್ಯಾಕೆಟ್ಟುಗಳನ್ನು ಇಸ್ತ್ರಿ ಕೋಣೆಯ ಮೂಲೆಯಲ್ಲಿ ನೆಲದ ಮೇಲೆ ಇಟ್ಟಿದ್ದಳು. ಅದರಲ್ಲೊಂದನ್ನು ತಂದು ಯಾರದೋ ಎದೆಯ ಚಿತ್ರ ತೆಗೆದು, ತೊಳೆದು, ಬೆಳಕಿಗೆ ಹಿಡಿದಳು. ಮಸಿ ಮೆತ್ತಿದ ಹಾಗಿತ್ತು. ಎದೆಗೂಡಿನ ಮೇಲೆ ಸಾಲಾಗಿ ಬಿಳಿ ಚುಕ್ಕೆ. ಅಂಗಿಯ ಗುಂಡಿ ಎನ್ನೋಣವೆಂದರೆ ಅಂಗಿ ಬಿಚ್ಚಿಸಿಯೇ ತೆಗೆದದ್ದು. ಯಂತ್ರಕ್ಕೆ ತೋರಿಸದ ಇನ್ನೊಂದು ಫಿಲ್ಮನ್ನು ಹಾಗೆಯೇ ತೊಳೆದಳು. ಅದರಲ್ಲೂ ಅದೇ ಮಸಿ, ಅದೇ ಚುಕ್ಕೆ.

ಅದನ್ನು ಹಿಡಿದು ಮೆಟ್ಟಿಲು ಹತ್ತಿದಳು. ಪ್ಯಾಕೆಟ್ಟು ಇದ್ದ ಜಾಗದಲ್ಲಿ ಮಂಡಿಯೂರಿ ಫಿಲ್ಮನ್ನು ಹಲಗೆಯ ಮೇಲೆ ಹಾಸಿದಳು. ಒಂದೊಂದು ಚುಕ್ಕೆಯ ಕೆಳಗೂ ಒಂದೊಂದು ಮೊಳೆ. ಕೆಳಗಿನಿಂದ ಬಂದ ಕಿರಣ ಹಲಗೆಯನ್ನು ದಾಟಿತ್ತು, ಮೊಳೆಯನ್ನಷ್ಟೇ ದಾಟಿರಲಿಲ್ಲ.

‘ಏನಕ್ಕಾ, ನೆಲಕ್ಕೂ ಕಾಯಿಲೆನಾ?’ ಎಂದು ಸೊಸೆ ನಕ್ಕಳು. ಸುಸ್ತಾಗಿ ಹೊಟ್ಟೆಯನ್ನು ಮೇಜಿನ ಅಂಚಿಗೆ ಆನಿಸಿ ನಿಂತಿದ್ದಳು. ಬರಿಗಾಲು. ಕಾಲಡಿ ಅದೇ ಮೊಳೆಸಾಲು.

ಫೋಟೋ ಅಕ್ಕ ಫಿಲ್ಮನ್ನು ಎತ್ತಿಕೊಂಡು ನೇರ ಆಸ್ಪತ್ರೆಯ ಮ್ಯಾನೇಜರ್ ಹತ್ತಿರ ಹೋದಳು.

ಮ್ಯಾನೇಜರ್ ಫಿಲ್ಮನ್ನು ಸರಿಯಾಗಿ ನೋಡಲೂ ಇಲ್ಲ. ‘ಯಾರಮ್ಮಾ ನಿನ್ನ ತಲೆ ಕೆಡಿಸಿದ್ದು? ನಾನೇ ನಿಂತು ಹಾಕಿಸಿದ್ದೀನಿ. ಬಾಗಿಲೂ ಸೇರಿ ಮುನ್ನೂರ ತೊಂಬತ್ತಾರು ಚದರಡಿ ಸೀಸ. ಒಂದಡಿ ಕಮ್ಮಿ ಇದ್ರೆ ಈ ಮೀಸೆ ಬೋಳಿಸ್ತೀನಿ’ ಎಂದ.

ಅವಳು ಟೇಪು ತಂದಳು. ಒಂದು ತುದಿಯನ್ನು ಇಸ್ತ್ರಿಯ ಅತ್ತೆ ಹಿಡಿದಳು. ಕೋಣೆ ಹನ್ನೆರಡು ಅಡಿ ಉದ್ದ, ಹತ್ತು ಅಡಿ ಅಗಲ, ಒಂಬತ್ತು ಅಡಿ ಎತ್ತರ. ಮೇಲೆ ಬಂದು ಫಿಲ್ಮಿನ ಖಾಲಿ ಡಬ್ಬವೊಂದನ್ನು ಮೇಜಿನ ಮೇಲಿಟ್ಟು ಅದರ ಪಕ್ಕಗಳನ್ನು ಬೆರಳಿನಿಂದ ಸವರುತ್ತ ಹೇಳಿದಳು.

‘ಇದೇ ಆ ರೂಮು ಅಂದ್ಕೋ ಅತ್ತೆ. ಸುತ್ತ ಅಳೆದ್ರೆ ನಲವತ್ತನಾಲ್ಕು ಅಡಿ. ಅದಕ್ಕೆ ಎತ್ತರ ಒಂಬತ್ತು ಗುಣಿಸು, ಮುನ್ನೂರ ತೊಂಬತ್ತಾರು. ಅವರ ಸೀಸ ನಾಲ್ಕು ಗೋಡೆಗೇ ಮುಗೀತು. ಕೆಳಗೆ ಮಣ್ಣು, ಅದನ್ನು ಬಿಡೋಣ. ಈ ಮುಚ್ಚಳ ಇದೆಯಲ್ಲ, ಹನ್ನೆರಡು ಹತ್ತಲೆ ನೂರಿಪ್ಪತ್ತು. ಒಟ್ಟು ಐನೂರ ಹದಿನಾರು ಬೇಕಿತ್ತು.’

ಅತ್ತೆ ಮುಚ್ಚಳವನ್ನು ಎತ್ತಿ ನೋಡಿ ಮತ್ತೆ ಮುಚ್ಚಿದಳು. ‘ಅಂದ್ರೆ ಆ ನೂರಿಪ್ಪತ್ತಕ್ಕೆ ನಮ್ಮನ್ನೇ ತಗಡು ಮಾಡ್ಕೊಂಡ್ರು ಅನ್ನು.’

ಈ ಲೆಕ್ಕ ಕೇಳಿದ ಮೇಲೆ ಮ್ಯಾನೇಜರ್ ಮೀಸೆಯ ಮಾತು ಎತ್ತಲಿಲ್ಲ. ‘ಅದು ಬಣ್ಣದವನು ಕೊಟ್ಟ ಅಳತೆ ಕಣಮ್ಮಾ. ಅವರು ನಾಲ್ಕು ಗೋಡೆ ಮಾತ್ರ ಅಳೀತಾರೆ. ನಾನು ಅದನ್ನೇ ತಗಡಿನವನಿಗೆ ಕೊಟ್ಟೆ. ಆಮೇಲೆ ನೋಡಿದ್ರೆ ಮೇಲೆ ಬಾಕಿ.’

‘ಗೊತ್ತಾಗಿತ್ತಾ ಸಾರ್ ನಿಮಗೆ?’

‘ಗೊತ್ತಾಗದೆ ಏನು? ಆದರೆ ಮೇಲೆ ಯಾರಿರ್ತಾರೆ ಹೇಳು. ರೋಗಿಗಳಾ? ಡಾಕ್ಟರಾ? ಮುಂದೆ ನೋಡೋಣ. ಸದ್ಯಕ್ಕೆ ಫಿಲ್ಮನ್ನು ಬೇರೆ ಕಡೆ ಇಟ್ಕೋ, ಹಾಳಾಗುತ್ತೆ.’

ಬಣ್ಣದವನದೇನೂ ತಪ್ಪಿಲ್ಲ; ಅವನು ತಾನು ಬಳಿಯುವುದನ್ನು ಅಳೆದಿದ್ದ. ಫಿಲ್ಮು ಹಾಳಾಗುತ್ತದೆ ಎಂದು ಬಲ್ಲ ಈ ಮನುಷ್ಯನಿಗೆ ಬಸುರಿಯ ಮೈ ಫಿಲ್ಮಿನಷ್ಟೂ ಲೆಕ್ಕಕ್ಕಿರಲಿಲ್ಲ.

ಫೋಟೋ ಅಕ್ಕ ಇಸ್ತ್ರಿಗೆ ಬೇರೆ ಕೋಣೆ ಕೇಳಿದಳು, ಇಲ್ಲ ಎಂದ. ದೊಡ್ಡ ಡಾಕ್ಟರನ್ನು ಕೇಳಿದಳು. ಮ್ಯಾನೇಜರನ್ನು ಕೇಳು ಎಂದರು. ಕೊನೆಗೆ ಅವಳೇ ಒಂದು ದಾರಿ ಮಾಡಿಕೊಂಡಳು. ಗುಂಡಿ ಒತ್ತುವ ಮುಂಚೆ ಪೊರಕೆಯ ಹಿಡಿಯಿಂದ ಛಾವಣಿಗೆ ಕುಟ್ಟುವುದು. ಸದ್ದು ಕೇಳಿದೊಡನೆ ಅತ್ತೆ ಸೊಸೆ ಇಸ್ತ್ರಿಪೆಟ್ಟಿಗೆ ಎತ್ತಿಟ್ಟು ಮೆಟ್ಟಿಲಿಳಿದು ಹೊರಗಿನ ಓಣಿಗೆ ಬರುವುದು. ‘ಯಜಮಾನ ಕರೆದಾಗಲೂ ಇಷ್ಟು ಬೇಗ ಇಳಿದವಳಲ್ಲ ನಾನು’ ಎಂದು ಅತ್ತೆ ಗೊಣಗುತ್ತ, ಸೊಸೆಯ ಕೈ ಮಾತ್ರ ಬಿಡದೆ ಇಳಿಯುತ್ತಿದ್ದಳು.

ಇಸ್ತ್ರಿಯಾಗದ ಬಟ್ಟೆ ಗುಡ್ಡೆಬಿತ್ತು. ಅದು ಮ್ಯಾನೇಜರ್ ಕಣ್ಣಿಗೆ ಬಿತ್ತು.

ಅಂದು ಯಾವುದೋ ಕಾರ್ಖಾನೆಗೆ ಹೊಸದಾಗಿ ಸೇರುವವರ ಎದೆ ತಪಾಸಣೆ. ಓಣಿಯ ತುಂಬ ಸಾಲು. ಅತ್ತೆ ಸೊಸೆ ಇಳಿದು ಗೋಡೆಗೆ ಒರಗಿ ನಿಂತಿದ್ದಾಗ ಮ್ಯಾನೇಜರ್ ಬಂದ.

‘ಇದೇನು ಹತ್ತೋದು ಇಳಿಯೋದು, ಆಟನಾ? ನಡೀರಿ ಮೇಲೆ. ಹತ್ತದಿದ್ರೆ ನಾಳೆಯಿಂದ ಬರೋದೇ ಬೇಡ.’

ಅತ್ತೆ ಮೆಟ್ಟಿಲ ಮೇಲೆ ಕೂತುಬಿಟ್ಟಳು. ‘ಮಂಡಿ ಹಿಡ್ಕೊಂಡಿದೆ ಸಾರ್. ನೀವು ಎತ್ಕೊಂಡು ಹೋದ್ರೆ ಬರ್ತೀನಿ.’ ಸಾಲಿನಲ್ಲಿದ್ದವರು ಕಿಸಕ್ಕೆಂದರು. ಆದರೆ ಸೊಸೆ ಹೆದರಿದಳು. ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡು ಒಬ್ಬಳೇ ಹತ್ತಿದಳು.

ಮ್ಯಾನೇಜರ್ ಎಕ್ಸ್‌ರೇ ಕೋಣೆಗೆ ಬಂದು ಸೀಸದ ಪರದೆಯ ಹಿಂದೆ ಫೋಟೋ ಅಕ್ಕನ ಪಕ್ಕವೇ ನಿಂತ. ಅತ್ತ ಒಬ್ಬ ಯುವಕ ಬರಿಮೈಯಲ್ಲಿ ಎದೆಯನ್ನು ಫಲಕಕ್ಕೆ ಒತ್ತಿ, ಅವಳು ಹೇಳಿದಂತೆ ಉಸಿರು ಕಟ್ಟಿ ನಿಂತಿದ್ದ. ತಲೆಯ ಮೇಲೆ ಹಲಗೆ ಕಿರುಗುಟ್ಟಿತು. ಇಸ್ತ್ರಿಪೆಟ್ಟಿಗೆ ಮೇಜಿನ ಮೇಲೆ ಸರಿದಾಡುವ ಸದ್ದು.

‘ಒತ್ತಮ್ಮಾ’ ಎಂದ ಮ್ಯಾನೇಜರ್.

ಅವಳು ಪೊರಕೆಗೆ ಕೈ ಚಾಚಿದಳು. ಅವನು ಅದನ್ನು ಕಿತ್ತುಕೊಂಡ. ‘ಒತ್ತು ಅಂದೆ. ಇಲ್ಲಾಂದ್ರೆ ನಿನ್ನ ಜಾಗಕ್ಕೆ ಬೇರೆಯವರು ಬರ್ತಾರೆ.’

ಅವಳು ಯಂತ್ರದ ಬೀಗದ ಕೈ ತಿರುಗಿಸಿ ಕಿತ್ತು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಯಂತ್ರದ ದೀಪ ಆರಿತು.

ಯುವಕನ ಮುಖ ಕೆಂಪಾಗಿತ್ತು. ‘ಉಸಿರು ಬಿಡ್ಲಾ ಅಕ್ಕಾ?’

‘ಬಿಡಪ್ಪಾ. ಅಂಗಿ ಹಾಕ್ಕೋ’ ಎಂದಳು. ಆಮೇಲೆ ಮ್ಯಾನೇಜರ್ ಕಡೆ ತಿರುಗಿದಳು. ‘ಮೇಲೆ ಜನ ಇದ್ದಾರೆ ಸಾರ್. ನಾನು ಒತ್ತಲ್ಲ.’