ಕೊನೆಯ ರೀಲಿನಲ್ಲಿ ಬರುವವನು

“ಬಾವ್ಯಾಗ ನೀವೇ ನೋಡೀರಿ ಅಂತ ಊರೆಲ್ಲಾ ಅಂತದ. ನೋಡೀರೋ ಇಲ್ಲೋ?” ಮುರ್ತುಜಾ ಕೇಳಿದ.

ಶಿವರಾಜಪ್ಪ ಬಶಿಯೊಳಗಿನ ಚಹ ಊದಿದ. ಅದು ಆಗಲೇ ಆರಿತ್ತು.

ನಿಜಾಮರ ರಾಜ್ಯದ ಮೇಲೆ ಪೊಲೀಸ್ ಕಾರ್ಯಾಚರಣೆಯಾಗಿ ಐದು ವರ್ಷ. ಆ ವಾರದ ಗಲಭೆಯಲ್ಲಿ ಭಾಲ್ಕಿಯಿಂದ ಕಾಣೆಯಾದ ಗೌಸೋದ್ದೀನ ಸತ್ತನೆಂದು ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಹೇಳುವವರೆಗೆ ಅವನ ಹೆಂಡತಿ ಹಾಜಿರಾಬೀ ಇದ್ದತ್ತಿಗೆ ಕೂಡುವಂತಿಲ್ಲ. ಗಂಡನ ಶೋಕದ ಆ ತಿಂಗಳುಗಳು ಕಳೆಯದೆ ಮತ್ತೊಂದು ನಿಕಾಹ್ ಇಲ್ಲ. ನೌಬಾದದ ಟಾಂಗಾದವನೊಬ್ಬ ಒಪ್ಪಿ ಕಾಯುತ್ತಿದ್ದ. ಕಣ್ಣಾರೆ ಕಂಡವರು ಬಂದು ನುಡಿಯಲಿ ಎಂದಿದ್ದರು ಖಾಜಿ. ಅದಕ್ಕೇ ಅವಳ ತಮ್ಮ ಮುರ್ತುಜಾ ಶಿವರಾಜಪ್ಪನನ್ನು ಮುಂಬಯಿಯಿಂದ ಕರೆಸಿದ್ದು.

ಕಂಡಿದ್ದ. ಬಾವಿಯಲ್ಲಿ ಗೌಸೋದ್ದೀನನನ್ನೂ, ದಂಡೆಯಲ್ಲಿ ಕೈಯ ನೆತ್ತರು ತೊಳೆಯುತ್ತಿದ್ದ ತನ್ನ ಕಾಕಾನನ್ನೂ ಕಂಡಿದ್ದ. ಮರುವಾರವೇ ರೈಲು ಹತ್ತಿದ್ದ.

ಮುಂಬಯಿಯಲ್ಲಿ ಅದನ್ನೇ ಚಿತ್ರಕಥೆ ಮಾಡಿದ. ನಿಜಾಮರ ಕಾಲದ ಶಾಲೆಯಲ್ಲಿ ಕಲಿತ ಉರ್ದು ಸಂಭಾಷಣೆಗೆ ಒದಗಿತು. ಹೆಣ ನೋಡಲು ಯಾರೂ ಟಿಕೀಟು ತೆಗೆಸುವುದಿಲ್ಲ, ಬದುಕಿಸು ಎಂದ ಕಂಪನಿಯ ಸೇಠ. ಬದುಕಿಸಿದ. ಚಿತ್ರ ಓಡಿತು. ಆಮೇಲೆ ಬರೆದ ಚಿತ್ರಗಳಲ್ಲೆಲ್ಲ ಕೊನೆಯ ರೀಲಿನಲ್ಲಿ ಯಾರೋ ಒಬ್ಬ ಮನೆಗೆ ಮರಳುತ್ತಿದ್ದ. ಅವನು ಹೆಸರು ಮಾಡಿದ್ದು ಅದರಿಂದಲೇ.

ಒಳಮನೆಯಲ್ಲಿ ಕೂತು ಕೇಳುತ್ತಿದ್ದ ಹಾಜಿರಾಬೀ ಪರದೆ ಸರಿಸಿದಳು.

“ನಿಮ್ಮ ಪಿಚ್ಚರ್ ಬೀದರದಾಗ ನೋಡಿದೆನ್ರಿ, ಭಾಯಿ. ನಮ್ಮವರದೇ ನಡಿಗಿ, ನಮ್ಮವರದೇ ಕೆಮ್ಮು. ಇಷ್ಟ ದಿನ ಎಲ್ಲಿದ್ರಂತ ಮಾತ್ರ ತೋರಿಸಲಿಲ್ಲ. ನಿಮಗ ಗೊತ್ತಿರಬೇಕಲ್ಲ?”

“ಅದು ಕಥಿ, ಭಾಬೀ.”

“ಕಥಿಗಿ ಅವರ ಕೆಮ್ಮು ಎಲ್ಲಿಂದ ಬಂತ್ರಿ?”

“ಆಪಾ, ನೀ ಸುಮ್ಮನಿರು,” ಎಂದ ಮುರ್ತುಜಾ. “ಸಾಹೇಬ್ರ, ಒಂದ ಮಾತು ಹೇಳಿಬಿಡ್ರಿ. ಟಾಂಗಾದವ ಎಷ್ಟಂತ ಕಾಯ್ತಾನ? ಅವನ ಕುದುರಿಗೂ ವಯಸ್ಸಾತು.”

ಶಿವರಾಜಪ್ಪ ಬಾಯಿ ತೆರೆದ. ಕಾಕಾನ ಕೈಗಳು ಕಣ್ಣಿಗೆ ಕಟ್ಟಿದವು.

“ಬಾವ್ಯಾಗ ಕತ್ತಲಿತ್ತು. ಯಾರಂತ ಹ್ಯಾಂಗ ಹೇಳ್ಲಿ?”

ಮಾತು ಚೆನ್ನಾಗಿ ಕೂತಿತು ಎಂದು ಅವನೊಳಗಿನ ಸಂಭಾಷಣೆಯ ಕಸುಬುದಾರ ತಲೆದೂಗಿದ. ಅವನಿಗೆ ತನ್ನ ಮೇಲೇ ಹೇಸಿಗೆಯಾಯಿತು.

ಮುರ್ತುಜಾ ಚಪ್ಪಲಿ ಮೆಟ್ಟಿ ಹೊರಟುಹೋದ.

“ಅಂದ್ರ ಅವರಲ್ಲ!” ಎಂದಳು ಹಾಜಿರಾಬೀ. ಅವಳ ಮುಖ ಅರಳಿತ್ತು.

ಬಸ್ಸಿಗೆ ಹೊರಟ ಶಿವರಾಜಪ್ಪ ಓಣಿಯ ತಿರುವಿನಲ್ಲಿ ಹಿಂದಿರುಗಿ ನೋಡಿದ. ಮಧ್ಯಾಹ್ನದ ಬಿಸಿಲಿಗೆ ಎಲ್ಲ ಮನೆಗಳೂ ಮುಚ್ಚಿದ್ದವು. ಅವಳದೊಂದು ಬಾಗಿಲು ಮಾತ್ರ ಹಾರುಹೊಡೆದಿತ್ತು. ಯಾರದೋ ಆಡು ಹೊಸ್ತಿಲು ದಾಟಿ ಒಳಗೆ ಹೋಯಿತು.

ಒಳಗಿನಿಂದ ಅವಳ ದನಿ ಬಂತು: “ಬಂದ್ರೇನ್ರಿ?”